ಶಾರ್ಲಟ್ ಗೇನ್ಸ್‌ಬರ್ಗ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಈ ನಟಿಯ ಹೆಸರು ಎತ್ತಿದ ಕೂಡಲೇ ಬರುವ ಪ್ರಶ್ನೆಗಳು ಹೆಚ್ಚುಕಡಿಮೆ ಒಂದೇ. ವಯಸ್ಕರ ಚಿತ್ರಗಳಲ್ಲಿ ಅಷ್ಟು ಕಷ್ಟದ ಪಾತ್ರಗಳನ್ನು ಯಾಕೆ ಒಪ್ಪಿಕೊಳ್ಳುತ್ತಾರೆ? ಅವುಗಳಲ್ಲಿನ ಕಾಮದ ದೃಶ್ಯಗಳು ನಿಜಾನಾ? ನೋಡೋಕೆ ಗಟ್ಟಿ ಮನಸ್ಸು ಬೇಕಾ? ಅವರ ಸಿನಿಮಾಗಳನ್ನು ಪ್ರೀತಿಯಿಂದ ನೋಡುತ್ತಾ ಬಂದವನಾಗಿ ನನಗೆ ತಿಳಿದಷ್ಟನ್ನು ಇಲ್ಲಿ ಬರೆದಿದ್ದೇನೆ. ಕೆಲವು ಚಿತ್ರಗಳ ಕೊನೆ ಏನಾಗುತ್ತದೆ ಅನ್ನುವುದೂ ಮಾತಿನ ನಡುವೆ ಬರುತ್ತದೆ. ಅದು ಬೇಡ ಅನ್ನುವವರು ಮೊದಲು ಸಿನಿಮಾ ನೋಡಿಬಿಡಿ.

ಯಾರು ಈ ಶಾರ್ಲಟ್ ಗೇನ್ಸ್‌ಬರ್ಗ್?

ಫ್ರಾನ್ಸ್‌ನ ನಟಿ, ಗಾಯಕಿ. ಹುಟ್ಟಿದ್ದು 1971ರ ಜುಲೈ 21ರಂದು ಲಂಡನ್‌ನಲ್ಲಿ. ಬೆಳೆದದ್ದು ಪ್ಯಾರಿಸ್‌ನಲ್ಲಿ. ಅಮ್ಮ ಜೇನ್ ಬರ್ಕಿನ್ ಇಂಗ್ಲೆಂಡಿನವರು, ನಟಿ ಮತ್ತು ಗಾಯಕಿ. ಅಪ್ಪ ಸೆರ್ಜ್ ಗೇನ್ಸ್‌ಬರ್ಗ್ ಫ್ರೆಂಚ್ ಹಾಡಿನ ಲೋಕದಲ್ಲಿ ಬಹಳ ದೊಡ್ಡ ಹೆಸರು. ಇಬ್ಬರೂ ಸೇರಿ 1969ರಲ್ಲಿ ಹಾಡಿದ ಒಂದು ಪ್ರೇಮಗೀತೆಯನ್ನು ಬಿಬಿಸಿ ನಿಷೇಧಿಸಿತ್ತು. ಅಂದರೆ ಮಗಳು ಹುಟ್ಟುವ ಮೊದಲೇ ಆ ಮನೆಗೆ ವಿವಾದದ ಪರಿಚಯ ಇತ್ತು.

ಮೊದಲ ಸಿನಿಮಾ 1984ರಲ್ಲಿ. ಹೆಸರಾಂತ ಫ್ರೆಂಚ್ ನಟಿ ಕ್ಯಾಥರೀನ್ ದನವ್ ಅವರ ಮಗಳ ಪಾತ್ರ. ಮರುವರ್ಷ ಕ್ಲೋಡ್ ಮಿಲ್ಲರ್ ನಿರ್ದೇಶನದ 'ಲೆಫ್ರೊಂತೆ' ಬಂತು. ಬೇಸಿಗೆ ರಜೆಯಲ್ಲಿ ಯಾವುದರಲ್ಲೂ ಮನಸ್ಸು ನಿಲ್ಲದ, ತನ್ನ ಮೇಲೇ ಸಿಟ್ಟಾಗಿರುವ ಹುಡುಗಿಯೊಬ್ಬಳ ಕತೆ ಅದು. ಆ ಪಾತ್ರಕ್ಕೆ 1986ರಲ್ಲಿ ಭರವಸೆಯ ನಟಿ ಎಂದು ಫ್ರಾನ್ಸ್‌ನ ದೊಡ್ಡ ಸಿನಿಮಾ ಪ್ರಶಸ್ತಿ ಸೀಸರ್ ಸಿಕ್ಕಿತು. ಆಗ ಅವರಿಗೆ 14 ವರ್ಷ.

ಇಂಥ ಪಾತ್ರ ಮಾಡುವವರು ತುಂಬಾ ನಾಚಿಕೆ ಸ್ವಭಾವದವರಂತೆ. ನಂಬೋದು ಹೇಗೆ?

ಸಂದರ್ಶನ ನೋಡಿದರೆ ಗೊತ್ತಾಗುತ್ತದೆ. ತಡೆತಡೆದು ಮಾತಾಡುತ್ತಾರೆ. ದನಿ ಪಿಸುಮಾತಿಗೆ ಹತ್ತಿರ. ತಾನು ಸಂಕೋಚದವಳು ಎಂದು ಅವರೇ ಎಷ್ಟೋ ಸಲ ಹೇಳಿಕೊಂಡಿದ್ದಾರೆ.

ಅವರನ್ನು 'ಬೋಲ್ಡ್ ನಟಿ' ಎಂದು ಬರೆಯುವುದನ್ನು ಓದಿದಾಗಲೆಲ್ಲ ನನಗೆ ಕಸಿವಿಸಿಯಾಗುತ್ತದೆ. ಆ ಮಾತಿನಲ್ಲಿ ಬಟ್ಟೆಯ ಲೆಕ್ಕ ಬಿಟ್ಟರೆ ಬೇರೇನೂ ಇಲ್ಲ. ಸಂಕೋಚ ಇಲ್ಲದವರಿಗೆ ಕ್ಯಾಮೆರಾ ಮುಂದೆ ನಿಲ್ಲುವುದು ಸುಲಭ. ಶಾರ್ಲಟ್ ಸಂಕೋಚವನ್ನು ಬಿಟ್ಟು ಬರುವುದಿಲ್ಲ, ಅದರ ಜೊತೆಗೇ ಬರುತ್ತಾರೆ. ಅದು ಅವರ ಮುಖದಲ್ಲಿ ಕಾಣುತ್ತಲೇ ಇರುತ್ತದೆ. ಹಾಗಾಗಿ ಅವರ ಪಾತ್ರದ ಗುಟ್ಟು ಬಯಲಾದಾಗ ನೋಡುವವರಿಗೂ ಚುಚ್ಚುತ್ತದೆ. ಬೇರೊಬ್ಬರ ಡೈರಿ ತೆರೆದುಬಿಟ್ಟೆವಲ್ಲ ಅನ್ನಿಸುತ್ತದೆ. ಅವರ ಎಲ್ಲ ಒಳ್ಳೆಯ ಪಾತ್ರಗಳ ಜೀವ ಇರುವುದು ಇಲ್ಲೇ ಎಂದು ನನ್ನ ನಂಬಿಕೆ.

ವಯಸ್ಕರ ಚಿತ್ರ ಅಂದರೆ ಬ್ಲೂ ಫಿಲ್ಮಾ?

ಅಲ್ಲ. ಇವು ಕತೆ, ಪಾತ್ರ, ವಿಚಾರ ಎಲ್ಲ ಇರುವ, ಚಿತ್ರೋತ್ಸವಗಳಲ್ಲಿ ತೆರೆಕಂಡ ಸಿನಿಮಾಗಳು. ಕಾಮವಾಗಲಿ ಹಿಂಸೆಯಾಗಲಿ ಮರೆಮಾಚದೆ ತೋರಿಸುವುದರಿಂದ ದೊಡ್ಡವರಿಗೆ ಮಾತ್ರ. ಕೆರಳಿಸುವುದು ಇವುಗಳ ಕೆಲಸ ಅಲ್ಲ. ಆ ಆಸೆಯಿಂದ ಕೂತವರು ಅರ್ಧಕ್ಕೇ ಎದ್ದು ಹೋಗುತ್ತಾರೆ. ಅಷ್ಟು ನೋವಿದೆ ಅವುಗಳಲ್ಲಿ.

ಹಸಿಬಿಸಿ ದೃಶ್ಯಗಳಲ್ಲಿ ಇರೋದು ಅವರೇನಾ?

ಎಲ್ಲದರಲ್ಲೂ ಅಲ್ಲ. 'ಆಂಟಿಕ್ರೈಸ್ಟ್' ಚಿತ್ರದ ತೀರಾ ಹಸಿಬಿಸಿ ಶಾಟ್‌ಗಳಿಗೆ ಡೂಪ್ ಬಳಸಿದ್ದರು. 'ನಿಂಫೋಮೇನಿಯಾಕ್' ಚಿತ್ರದಲ್ಲಿ ಇನ್ನೊಂದು ದಾರಿ ಹಿಡಿದರು. ನಟ ನಟಿಯರು ಅಭಿನಯ ಮಾಡುತ್ತಿದ್ದರು. ಅದೇ ದೃಶ್ಯವನ್ನು ಬ್ಲೂ ಫಿಲ್ಮ್‌ಗಳಲ್ಲಿ ಕೆಲಸ ಮಾಡುವವರು ಬೇರೆಯಾಗಿ ಮಾಡುತ್ತಿದ್ದರು. ಆಮೇಲೆ ಕಂಪ್ಯೂಟರಿನಲ್ಲಿ ಎರಡನ್ನೂ ಕೂಡಿಸಿದರು. ಸೊಂಟದಿಂದ ಮೇಲೆ ತಾರೆಯರು, ಕೆಳಗೆ ಡೂಪ್‌ಗಳು. ಇದನ್ನು ಚಿತ್ರದ ನಿರ್ಮಾಪಕರೇ ಬಹಿರಂಗವಾಗಿ ವಿವರಿಸಿದ್ದರು.

ಇವತ್ತು ಇಂಥ ದೃಶ್ಯ ಇದ್ದರೆ ಸೆಟ್‌ನಲ್ಲಿ ಇಂಟಿಮೆಸಿ ಕೋಆರ್ಡಿನೇಟರ್ ಇರುವುದು ಮಾಮೂಲಿಯಾಗುತ್ತಿದೆ. ಯಾರ ಕೈ ಎಲ್ಲಿರಬೇಕು, ಏನು ಕಾಣಬೇಕು, ಏನು ಕಾಣಬಾರದು ಎಂದು ಮೊದಲೇ ಮಾತಾಡಿ, ಹೊಡೆದಾಟದ ದೃಶ್ಯದ ಹಾಗೆ ಹೆಜ್ಜೆ ಹೆಜ್ಜೆಯಾಗಿ ಕೂಡಿಸುವ ಕೆಲಸ ಅವರದು. ಈ ಪದ್ಧತಿ ದೊಡ್ಡದಾಗಿ ಬೆಳೆದದ್ದು 2017ರ ಮೀಟೂ ಚಳವಳಿಯ ನಂತರ. 'ಆಂಟಿಕ್ರೈಸ್ಟ್' ಚಿತ್ರೀಕರಣ ನಡೆದ 2008ರಲ್ಲಿ ಅದು ಚಾಲ್ತಿಯಲ್ಲಿ ಇರಲಿಲ್ಲ. ನಟಿಗೂ ನಿರ್ದೇಶಕನಿಗೂ ನಡುವಿನ ನಂಬಿಕೆಯೇ ಆಧಾರ. ಆ ನಂಬಿಕೆ ಮುರಿದು ನೊಂದ ನಟಿಯರ ಉದಾಹರಣೆ ಸಿನಿಮಾ ಚರಿತ್ರೆಯಲ್ಲಿ ಸಾಕಷ್ಟಿದೆ. ಹಾಗಾಗಿ ಹೊಸ ಪದ್ಧತಿ ಬಂದದ್ದು ಒಳ್ಳೆಯದೇ ಆಯಿತು.

'ಆಂಟಿಕ್ರೈಸ್ಟ್' ಬಗ್ಗೆ ಅಷ್ಟು ಗಲಾಟೆ ಯಾಕೆ?

ಡೆನ್ಮಾರ್ಕಿನ ಲಾರ್ಸ್ ವಾನ್ ಟ್ರಿಯರ್ ನಿರ್ದೇಶನ, 2009. ಗಂಡ ಹೆಂಡತಿಯ ಪುಟ್ಟ ಮಗು ಕಿಟಕಿಯಿಂದ ಬಿದ್ದು ಸಾಯುತ್ತದೆ. ಆ ಹೊತ್ತಿನಲ್ಲಿ ಇವರಿಬ್ಬರೂ ಕೂಡಿದ್ದರು. ಹೆಂಡತಿ ದುಃಖದಲ್ಲಿ ಕುಸಿದುಹೋಗುತ್ತಾಳೆ. ಗಂಡ ಮನೋಚಿಕಿತ್ಸಕ. ಡಾಕ್ಟರ ಮಾತ್ರೆ ಬೇಡ, ನಾನೇ ವಾಸಿ ಮಾಡುತ್ತೇನೆ ಎಂದು ಕಾಡಿನ ನಡುವಿನ ಒಂದು ಮರದ ಮನೆಗೆ ಅವಳನ್ನು ಕರೆದುಕೊಂಡು ಹೋಗುತ್ತಾನೆ. ಆ ಜಾಗದ ಹೆಸರು ಈಡನ್. ಅಲ್ಲಿ ವಾಸಿಯಾಗುವ ಬದಲು ಎಲ್ಲವೂ ಕೆಡುತ್ತಾ ಹೋಗಿ, ಕೊನೆಗೆ ಒಬ್ಬರನ್ನೊಬ್ಬರು ಭೀಕರವಾಗಿ ಗಾಯಗೊಳಿಸುವ ತನಕ ಮುಟ್ಟುತ್ತದೆ. ಇಡೀ ಸಿನಿಮಾ ಹೊತ್ತುಕೊಂಡಿರುವುದು ಇಬ್ಬರೇ, ಶಾರ್ಲಟ್ ಮತ್ತು ವಿಲೆಮ್ ಡಫೋ. ಪಾತ್ರಗಳಿಗೆ ಹೆಸರೂ ಇಲ್ಲ. ಅವನು, ಅವಳು, ಅಷ್ಟೇ.

ಕೊನೆಯ ಅರ್ಧ ಗಂಟೆಯ ರಕ್ತದ ಬಗ್ಗೆ ಎಲ್ಲರೂ ಮಾತಾಡುತ್ತಾರೆ. ನನ್ನನ್ನು ಇವತ್ತಿಗೂ ಬಿಡದೆ ಕಾಡುವುದು ಮೊದಲ ಒಂದು ಗಂಟೆ. ಮಗುವಿನ ಶವದ ಗಾಡಿಯ ಹಿಂದೆ ನಡೆಯುತ್ತಾ ನಡೆಯುತ್ತಾ ಅವಳು ಸದ್ದಿಲ್ಲದೆ ಕುಸಿಯುವುದು. ಗಾಬರಿ ಮೈಗೆ ಏರಿದಾಗ ಕತ್ತಿನ ನಾಡಿ ಹೊಡೆದುಕೊಳ್ಳುವುದು, ಬೆರಳು ನಡುಗುವುದು. ಕಾಡಿಗೆ ಹೋದ ಮೇಲೆ ಒಂದು ಕಲ್ಲಿನಿಂದ ಇನ್ನೊಂದು ಕಲ್ಲಿಗೆ ಹುಲ್ಲಿನ ಮೇಲೆ ನಡೆ ಎಂದು ಗಂಡ ಹೇಳುತ್ತಾನೆ. ನಾಲ್ಕು ಹೆಜ್ಜೆ ಅಷ್ಟೇ. ಆದರೆ ಶಾರ್ಲಟ್ ಆ ಹುಲ್ಲನ್ನು ಕೆಂಡದ ಹಾಗೆ ತುಳಿಯುತ್ತಾರೆ. ಮಗು ಕಳೆದುಕೊಂಡವರಿಗೆ ನೆಲವೇ ನಂಬಿಕೆಗೆ ಬಾರದು ಅನ್ನುವುದು ಮಾತಿಲ್ಲದೆ ತಿಳಿಯುತ್ತದೆ. ದುಃಖ ಅಂದರೆ ಬರೀ ಕಣ್ಣೀರಲ್ಲ, ಅದು ಮೈಯ ಕಾಯಿಲೆಯೂ ಹೌದು ಎಂದು ಇಷ್ಟು ಸ್ಪಷ್ಟವಾಗಿ ತೋರಿಸಿದ ಅಭಿನಯ ನಾನು ಬೇರೆ ನೋಡಿಲ್ಲ.

ಆ ವರ್ಷ ಕಾನ್ ಚಿತ್ರೋತ್ಸವದಲ್ಲಿ ಒಂದು ಕಡೆ ಕೂಗಾಟ. ಅಲ್ಲಿನ ಕ್ರೈಸ್ತ ತೀರ್ಪುಗಾರರ ಮಂಡಳಿಯಂತೂ ಚಿತ್ರಕ್ಕೆ ಒಂದು 'ವಿರೋಧಿ ಪ್ರಶಸ್ತಿ' ಕೊಟ್ಟಿತು. ಇನ್ನೊಂದು ಕಡೆ ಮುಖ್ಯ ತೀರ್ಪುಗಾರರು ಶಾರ್ಲಟ್ ಅವರಿಗೆ ಅತ್ಯುತ್ತಮ ನಟಿ ಪ್ರಶಸ್ತಿ ಕೊಟ್ಟರು. ಆ ಮಂಡಳಿಯ ಅಧ್ಯಕ್ಷೆ ಇಸಾಬೆಲ್ ಹ್ಯುಪೇರ್. ಸ್ವತಃ ಇಂಥ ಕಷ್ಟದ ಪಾತ್ರಗಳನ್ನೇ ಆರಿಸಿಕೊಂಡು ಬಂದ ನಟಿ. ಆ ಪ್ರಶಸ್ತಿಯ ತೂಕ ಇದರಿಂದ ಇನ್ನೂ ಜಾಸ್ತಿಯಾಯಿತು ಅನ್ನಿಸುತ್ತದೆ. ಗಲಾಟೆ ಅಲ್ಲಿಗೇ ಮುಗಿಯಲಿಲ್ಲ. ಫ್ರಾನ್ಸ್‌ನಲ್ಲಿ 16 ದಾಟಿದವರು ನೋಡಬಹುದು ಎಂದು ಸಿಕ್ಕಿದ್ದ ಪರವಾನಗಿಯನ್ನು 2016ರಲ್ಲಿ ಪ್ಯಾರಿಸ್‌ನ ಮೇಲ್ಮನವಿ ನ್ಯಾಯಾಲಯ ರದ್ದು ಮಾಡಿತು. ಸಿನಿಮಾ ಬಂದು ಆಗಲೇ ಏಳು ವರ್ಷ ಕಳೆದಿತ್ತು.

ಆ ಚಿತ್ರಕ್ಕೆ ಸ್ವಲ್ಪ ಮೊದಲು ಅವರು ಸಾವಿನ ಬಾಯಿಂದ ಪಾರಾಗಿದ್ದರಂತೆ?

ಹೌದು. 2007ರಲ್ಲಿ ನೀರಿನ ಮೇಲೆ ಸ್ಕೀಯಿಂಗ್ ಮಾಡುವಾಗ ಚಿಕ್ಕ ಅಪಘಾತವಾಯಿತು. ಚಿಕ್ಕದು ಎಂದೇ ಎಲ್ಲರೂ ಅಂದುಕೊಂಡಿದ್ದರು. ತಲೆನೋವು ಹೋಗಲಿಲ್ಲ. ಪರೀಕ್ಷೆ ಮಾಡಿದಾಗ ಮಿದುಳಿನಲ್ಲಿ ರಕ್ತಸ್ರಾವ. ಪ್ಯಾರಿಸ್‌ನಲ್ಲಿ ತುರ್ತು ಶಸ್ತ್ರಚಿಕಿತ್ಸೆ ಆಯಿತು. ಚೇತರಿಸಿಕೊಂಡ ಮೇಲೂ ಭಯ ಹೋಗದೆ ಮತ್ತೆ ಮತ್ತೆ ಸ್ಕ್ಯಾನ್ ಮಾಡಿಸಿಕೊಂಡರು. ಆ ಯಂತ್ರದ ಕಿವಿ ಕೊರೆಯುವ ಸದ್ದು ಕೊನೆಗೆ ಹಾಡಾಯಿತು. ಅಮೆರಿಕದ ಸಂಗೀತಗಾರ ಬೆಕ್ ಜೊತೆ 2009ರಲ್ಲಿ ತಂದ ಆಲ್ಬಮ್ಮಿನ ಹೆಸರು 'ಐಆರ್‌ಎಂ'. ಎಂಆರ್‌ಐ ಸ್ಕ್ಯಾನ್‌ಗೆ ಫ್ರೆಂಚಿನಲ್ಲಿ ಹಾಗೆ ಹೇಳುತ್ತಾರೆ.

ಆಪರೇಷನ್ ಆದ ಮರುವರ್ಷವೇ 'ಆಂಟಿಕ್ರೈಸ್ಟ್' ಸೆಟ್‌ಗೆ ಹೋದರು. ಆ ಭಯ ಅಭಿನಯದೊಳಗೆ ಇಳಿದಿದೆ ಎಂದು ನನಗೆ ಅನ್ನಿಸುತ್ತದೆ.

'ಆಂಟಿಕ್ರೈಸ್ಟ್' ಹೆಣ್ಣುದ್ವೇಷದ ಸಿನಿಮಾ ಅನ್ನುವ ಆರೋಪ ಸರಿಯಾ?

ಆರೋಪದಲ್ಲಿ ತೂಕ ಇದೆ. ಹೆಣ್ಣಿನ ಸ್ವಭಾವವೇ ಕೆಟ್ಟದ್ದು ಎಂಬ ಮಾತನ್ನು ಆ ಪಾತ್ರವೇ ನಂಬಲು ಶುರು ಮಾಡುತ್ತದೆ. ಸಿನಿಮಾ ಆ ಮಾತಿನಿಂದ ಎಷ್ಟು ದೂರ ನಿಂತಿದೆ ಎಂದು ಹೇಳುವುದು ಕಷ್ಟ. ನಾನು ಎರಡು ಸಲ ನೋಡಿದ್ದೇನೆ. ಮೊದಲ ಸಲ ಸಿಟ್ಟು ಬಂದಿತ್ತು. ಎರಡನೇ ಸಲ ಕಣ್ಣಿಗೆ ಬಿದ್ದದ್ದು ಗಂಡನ ಸೊಕ್ಕು. ಅವಳ ದುಃಖವನ್ನು ಅವಳ ಪಾಡಿಗೆ ಬಿಡದೆ, ಅದನ್ನೊಂದು ಪಾಠದ ಹಾಗೆ ಬಿಡಿಸಲು ಹೊರಟವನು ಅವನು. ಈ ಎರಡನೇ ಓದು ಸಾಧ್ಯವಾಗಿದ್ದು ಶಾರ್ಲಟ್ ಅವರಿಂದಲೇ. ಅವರು ಆ ಹೆಂಗಸನ್ನು ಎಲ್ಲೂ ರಾಕ್ಷಸಿ ಮಾಡಲಿಲ್ಲ. ಚಿತ್ರಕಥೆ ಕೈಬಿಟ್ಟ ಕಡೆಯೂ ಅವಳನ್ನು ಮನುಷ್ಯಳಾಗಿಯೇ ಉಳಿಸಿಕೊಂಡರು.

'ಮೆಲಂಕೋಲಿಯಾ' ಚಿತ್ರದಲ್ಲಿ ಅವರದು ಎರಡನೇ ಪಾತ್ರ ಅಲ್ವಾ?

ಹೆಸರಿಗೆ ಹಾಗೆ. ಇದೂ ವಾನ್ ಟ್ರಿಯರ್ ಅವರದೇ ಸಿನಿಮಾ. 2011ರ ಕಾನ್‌ನಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಸಿಕ್ಕಿದ್ದು ಕಿರ್ಸ್ಟನ್ ಡನ್ಸ್ಟ್ ಅವರಿಗೆ. ಅರ್ಹವಾಗಿಯೇ ಸಿಕ್ಕಿತು. ಆದರೆ ಚಿತ್ರದ ಎರಡನೇ ಭಾಗಕ್ಕೆ ಶಾರ್ಲಟ್ ಮಾಡಿದ ಪಾತ್ರದ ಹೆಸರೇ ಇದೆ, 'ಕ್ಲೇರ್' ಎಂದು.

ಅಕ್ಕ ತಂಗಿಯರ ಕತೆ. ತಂಗಿಗೆ ಖಿನ್ನತೆ. ಅಕ್ಕ ಕ್ಲೇರ್ ಅಚ್ಚುಕಟ್ಟಿನ ಗೃಹಿಣಿ. ಗಂಡ, ಪುಟ್ಟ ಮಗ, ದೊಡ್ಡ ಬಂಗಲೆ. ಒಂದು ಗ್ರಹ ಭೂಮಿಯ ಕಡೆ ಬರುತ್ತಿದೆ. ಪಕ್ಕದಿಂದ ಹಾದುಹೋಗುತ್ತದೆ ಎಂದು ಗಂಡ ಧೈರ್ಯ ಹೇಳುತ್ತಾನೆ. ಅದನ್ನು ಅಳೆಯಲು ಮನೆಯಲ್ಲಿ ಒಂದು ತಂತಿಯ ಬಳೆ ಇದೆ, ಕೋಲಿಗೆ ಸಿಕ್ಕಿಸಿದ್ದು. ಬಳೆಯೊಳಗೆ ಗ್ರಹ ಕೂರುವಂತೆ ಹಿಡಿಯಬೇಕು. ಸ್ವಲ್ಪ ಹೊತ್ತು ಬಿಟ್ಟು ಮತ್ತೆ ನೋಡಿದಾಗ ಗ್ರಹ ಚಿಕ್ಕದಾಗಿದ್ದರೆ ದೂರ ಹೋಗುತ್ತಿದೆ ಎಂದು ಅರ್ಥ. ಮೊದಲು ಚಿಕ್ಕದಾಗಿ ಕಾಣುತ್ತದೆ. ಕ್ಲೇರ್ ನಿಟ್ಟುಸಿರು ಬಿಡುತ್ತಾಳೆ. ಆಮೇಲೆ ಇನ್ನೊಂದು ಸಲ ಹಿಡಿದು ನೋಡುತ್ತಾಳೆ. ಗ್ರಹ ಬಳೆಯಿಂದ ಆಚೆ ಬಂದಿದೆ.

ಆ ಕ್ಷಣದಲ್ಲಿ ಶಾರ್ಲಟ್ ಕಿರುಚುವುದಿಲ್ಲ. ಉಸಿರು ಕೆಡುತ್ತದೆ, ಅಷ್ಟೇ. ಮಗನನ್ನು ಎತ್ತಿಕೊಂಡು ಆಲಿಕಲ್ಲು ಮಳೆಯಲ್ಲಿ ಓಡುತ್ತಾರೆ. ಓಡಿ ಹೋಗುವುದು ಎಲ್ಲಿಗೆ? ಮುಗಿಯುತ್ತಿರುವುದು ಭೂಮಿಯೇ. ಗೊತ್ತಿದ್ದೂ ಓಡುವ ತಾಯಿ ಅವಳು. ಖಿನ್ನತೆಯ ತಂಗಿ ಶಾಂತವಾಗಿದ್ದಾಳೆ, ಯಾಕೆಂದರೆ ಅವಳು ಏನನ್ನೂ ಹಿಡಿದುಕೊಂಡಿಲ್ಲ. ಕ್ಲೇರ್ ಕೈತುಂಬ ಹಿಡಿದುಕೊಂಡಿದ್ದಾಳೆ. ನಾವೂ ಜಾಸ್ತಿ ಜನ ಕ್ಲೇರ್ ಹಾಗೇ ಅಲ್ವಾ? ಹಾಗಾಗಿ ಈ ಪಾತ್ರ ನನಗೆ ಹತ್ತಿರದ್ದು. ಕೊನೆಯಲ್ಲಿ ಕೋಲುಗಳ ಪುಟ್ಟ ಗುಡಾರದಲ್ಲಿ ಮೂವರೂ ಕೈ ಹಿಡಿದು ಕೂರುತ್ತಾರೆ. ಕೊನೆಗೂ ಕೈ ಬಿಡಿಸಿಕೊಂಡು ಅಳುವವಳು ಕ್ಲೇರ್ ಒಬ್ಬಳೇ.

'ನಿಂಫೋಮೇನಿಯಾಕ್' ನೋಡಬಹುದಾ?

18 ದಾಟಿದವರು, ತಯಾರಿದ್ದರೆ. ಇದೂ ವಾನ್ ಟ್ರಿಯರ್ ನಿರ್ದೇಶನವೇ, 2013ರಲ್ಲಿ ಎರಡು ಭಾಗವಾಗಿ ಬಂತು. ನಿರ್ದೇಶಕರ ಪೂರ್ತಿ ಆವೃತ್ತಿ ಸುಮಾರು ಐದೂವರೆ ಗಂಟೆ ಇದೆ. ಪೆಟ್ಟು ತಿಂದು ಓಣಿಯಲ್ಲಿ ಬಿದ್ದಿದ್ದ ಜೋ ಎಂಬ ಹೆಂಗಸನ್ನು ಒಬ್ಬ ಮುದುಕ ಮನೆಗೆ ಕರೆತರುತ್ತಾನೆ. ಅವಳು ರಾತ್ರಿಯಿಡೀ ತನ್ನ ಕಾಮಜೀವನದ ಕತೆ ಹೇಳುತ್ತಾಳೆ. ಯುವತಿ ಜೋ ಆಗಿ ಸ್ಟೇಸಿ ಮಾರ್ಟಿನ್ ಇದ್ದಾರೆ. ಮೊದಲ ಭಾಗದಲ್ಲಿ ಶಾರ್ಲಟ್ ಬಹುಪಾಲು ಹಾಸಿಗೆಯಲ್ಲಿ ಕೂತು ಮಾತಾಡುತ್ತಾರೆ. ಇದು ತಿಳಿದಾಗ ಹಲವರಿಗೆ ಆಶ್ಚರ್ಯವಾಗುತ್ತದೆ.

ನನ್ನ ಮಟ್ಟಿಗೆ ಇವರಿಬ್ಬರು ಸೇರಿ ಮಾಡಿದ ಈ ಮೂರರಲ್ಲಿ ಇದು ಸಡಿಲವಾದ ಸಿನಿಮಾ. ಮಾತು ಜಾಸ್ತಿ. ಆದರೆ ಶಾರ್ಲಟ್ ಕತೆ ಹೇಳುವ ರೀತಿ ಮಾತ್ರ ಮರೆಯುವಂಥದ್ದಲ್ಲ. ಕನಿಕರ ಬೇಡುವುದಿಲ್ಲ, ಜಂಭ ಕೊಚ್ಚಿಕೊಳ್ಳುವುದಿಲ್ಲ. ದಣಿದ ಒಬ್ಬ ಹೆಂಗಸು ತನ್ನ ಲೆಕ್ಕ ತಾನೇ ಒಪ್ಪಿಸುತ್ತಿದ್ದಾಳೆ ಅನ್ನಿಸುತ್ತದೆ. ಕೊನೆಗೆ ಹೆಸರುಗಳು ಬರುವಾಗ ಕೇಳುವ ಹಾಡು ಕೂಡ ಅವರದೇ ದನಿ.

ನಿರ್ದೇಶಕರು ಅವರನ್ನು ಬಳಸಿಕೊಂಡರು ಅನ್ನಿಸುವುದಿಲ್ಲವೇ?

ಈ ಪ್ರಶ್ನೆ ಕೇಳುವವರ ಕಾಳಜಿ ನನಗೆ ಅರ್ಥವಾಗುತ್ತದೆ. ವಾನ್ ಟ್ರಿಯರ್ ಸುಲಭದ ಮನುಷ್ಯ ಅಲ್ಲ. 2011ರಲ್ಲಿ 'ಮೆಲಂಕೋಲಿಯಾ' ಪತ್ರಿಕಾಗೋಷ್ಠಿಯಲ್ಲಿ ಹಿಟ್ಲರ್ ಬಗ್ಗೆ ಆಡಿದ ಮಾತಿಗೆ ಕಾನ್ ಉತ್ಸವ ಅವರನ್ನು ಬಹಿಷ್ಕರಿಸಿತ್ತು.

ಆದರೂ ಶಾರ್ಲಟ್ ಅವರನ್ನು ಬರೀ ಬಲಿಪಶು ಎಂದು ನೋಡಲು ನನಗೆ ಮನಸ್ಸು ಬರುವುದಿಲ್ಲ. ವಾನ್ ಟ್ರಿಯರ್ ಜೊತೆಗಿನ ಮೊದಲ ಚಿತ್ರಕ್ಕೆ ಹೋದಾಗ ಅವರಿಗೆ 37ರ ಹತ್ತಿರ. ಕಾಲು ಶತಮಾನದಷ್ಟು ಕೆಲಸ ಮಾಡಿದ ಅನುಭವ ಇತ್ತು. ಏನಿದೆ ಎಂದು ಗೊತ್ತಿದ್ದೂ ಮತ್ತೆ ಎರಡು ಸಲ ಅದೇ ನಿರ್ದೇಶಕರ ಹತ್ತಿರ ಹೋದರು. ಆ ಕೆಲಸದ ಬಗ್ಗೆ ಮೆಚ್ಚಿಯೇ ಮಾತಾಡಿದ್ದಾರೆ. ಒಬ್ಬ ನಟಿ ಕಷ್ಟದ ಪಾತ್ರ ಆರಿಸಿಕೊಂಡಾಗ ಯಾರೋ ಮಾಡಿಸಿದ್ದು ಎಂದುಬಿಟ್ಟರೆ ಅವಳ ಆಯ್ಕೆಯನ್ನೇ ಕಿತ್ತುಕೊಂಡ ಹಾಗೆ.

ಸೆಟ್‌ನಲ್ಲಿ ನಟಿಯರು ಪಡುವ ಪಾಡಿನ ಬಗ್ಗೆಯೇ ಒಂದು ಸಿನಿಮಾ ನೋಡಬೇಕಿದ್ದರೆ ಗ್ಯಾಸ್ಪರ್ ನೋಯೆ ಅವರ 'ಲಕ್ಸ್ ಎಟರ್ನಾ' ಇದೆ, 2019ರದ್ದು. ಒಂದು ಗಂಟೆಯೂ ಇಲ್ಲ. ಮಾಟಗಾತಿಯರನ್ನು ಸುಡುವ ದೃಶ್ಯದ ಚಿತ್ರೀಕರಣ ಹಳಿ ತಪ್ಪುವ ಕತೆ. ಶಾರ್ಲಟ್ ಇದರಲ್ಲಿ ಶಾರ್ಲಟ್ ಆಗಿಯೇ ನಟಿಸಿದ್ದಾರೆ. ಬೆಳಕು ಜೋರಾಗಿ ಮಿನುಗುತ್ತಲೇ ಇರುತ್ತದೆ. ಮೂರ್ಛೆರೋಗ ಇರುವವರು ನೋಡಬೇಡಿ.

ಅವರ ಮನೆಯವರು ಇದನ್ನೆಲ್ಲ ಹೇಗೆ ತೆಗೆದುಕೊಳ್ಳುತ್ತಾರೆ?

ಅವರ ಸಂಗಾತಿ ಇವಾನ್ ಅತಾಲ್ ಕೂಡ ನಟ, ನಿರ್ದೇಶಕ. ಈ ಪ್ರಶ್ನೆಗೆ ಅವರು 2001ರಲ್ಲೇ ಒಂದು ಸಿನಿಮಾ ಮಾಡಿ ಉತ್ತರ ಕೊಟ್ಟಿದ್ದಾರೆ. ಹೆಸರಿನ ಅರ್ಥವೇ 'ನನ್ನ ಹೆಂಡತಿ ನಟಿ'. ನಟಿಯನ್ನು ಮದುವೆಯಾದ ಕ್ರೀಡಾ ಪತ್ರಕರ್ತನೊಬ್ಬ ಅವಳ ಪ್ರೇಮದೃಶ್ಯಗಳನ್ನು ನೆನೆದು ಹೊಟ್ಟೆಕಿಚ್ಚಿನಿಂದ ಒದ್ದಾಡುವ ಹಾಸ್ಯಚಿತ್ರ. ಗಂಡ ಹೆಂಡತಿಯಾಗಿ ಅವರಿಬ್ಬರೇ. ಅದರಲ್ಲಿ ಬಟ್ಟೆ ಬಿಚ್ಚಿ ನಟಿಸಲು ನಟಿಗೆ ಮುಜುಗರವಾಗುತ್ತದೆ. ಹಾಗಾದರೆ ಎಲ್ಲರೂ ಬಿಚ್ಚಿ ಎನ್ನುತ್ತಾಳೆ. ಇಡೀ ತಂಡ ಬಿಚ್ಚಿ ನಿಲ್ಲುತ್ತದೆ! ನಗು ಬರುವ ದೃಶ್ಯ. ಆದರೆ ಅದರೊಳಗೊಂದು ನ್ಯಾಯವಾದ ಮಾತಿದೆ. ಬಟ್ಟೆ ಹಾಕಿಕೊಂಡ ಅಷ್ಟು ಜನರ ನಡುವೆ ಒಬ್ಬಳೇ ಬರಿಮೈಯಲ್ಲಿ ನಿಲ್ಲುವುದು ಏನು ಅಂತ ಕ್ಯಾಮೆರಾ ಹಿಂದಿನವರಿಗೂ ಒಮ್ಮೆ ಗೊತ್ತಾಗಲಿ ಅನ್ನುವುದು.

ಬರೀ ಇಂಥ ಸಿನಿಮಾಗಳೇನಾ?

ಖಂಡಿತ ಅಲ್ಲ. 1996ರಲ್ಲಿ ಹಳೆಯ ಇಂಗ್ಲಿಷ್ ಕಾದಂಬರಿಯ ನಾಯಕಿ ಜೇನ್ ಐರ್ ಆಗಿದ್ದರು. 1999ರ ಕೌಟುಂಬಿಕ ಚಿತ್ರ 'ಲಾ ಬ್ಯೂಶ್'ಗೆ ಪೋಷಕ ನಟಿ ಎಂದು ಎರಡನೇ ಸೀಸರ್ ಬಂತು. ಹಾಲಿವುಡ್‌ನ ದೊಡ್ಡ ಬಜೆಟ್ ಸಿನಿಮಾಗಳಲ್ಲೂ ಮುಖ ತೋರಿಸಿದ್ದಾರೆ. ಅವುಗಳ ಬಗ್ಗೆ ಹೇಳುವಂಥದ್ದು ಹೆಚ್ಚೇನಿಲ್ಲ.

ಮೊದಲು ಯಾವುದು ನೋಡಲಿ?

'ಆಂಟಿಕ್ರೈಸ್ಟ್' ಇಂದ ಶುರು ಮಾಡಬೇಡಿ. ಅವರನ್ನು ಪರಿಚಯ ಮಾಡಿಕೊಂಡು ಆಮೇಲೆ ಅಲ್ಲಿಗೆ ಹೋಗಿ. 2022ರ 'ದ ಪ್ಯಾಸೆಂಜರ್ಸ್ ಆಫ್ ದ ನೈಟ್' ಒಳ್ಳೆಯ ಬಾಗಿಲು. 1980ರ ದಶಕದ ಪ್ಯಾರಿಸ್. ಗಂಡ ಬಿಟ್ಟುಹೋದ ತಾಯಿಯೊಬ್ಬಳು ರೇಡಿಯೊದ ರಾತ್ರಿ ಕಾರ್ಯಕ್ರಮದಲ್ಲಿ ಕೆಲಸಕ್ಕೆ ಸೇರುತ್ತಾಳೆ. ಮನೆಯಿಲ್ಲದ ಒಂದು ಹುಡುಗಿಯನ್ನು ಮನೆಗೆ ಕರೆತರುತ್ತಾಳೆ. ದೊಡ್ಡ ಘಟನೆ ಏನೂ ಇಲ್ಲ. ನೋಡಿ ಮುಗಿದಾಗ ಮನಸ್ಸು ಬೆಚ್ಚಗಿರುತ್ತದೆ.

ಆಮೇಲೆ 2010ರ 'ದ ಟ್ರೀ' ನೋಡಿ. ಆಸ್ಟ್ರೇಲಿಯಾದಲ್ಲಿ ನಡೆಯುವ ಕತೆ. ಸತ್ತುಹೋದ ಅಪ್ಪ ಮನೆ ಪಕ್ಕದ ದೊಡ್ಡ ಮರದಲ್ಲಿದ್ದಾನೆ ಎಂದು ಪುಟ್ಟ ಮಗಳು ನಂಬುತ್ತಾಳೆ. ಮೆಲ್ಲಗೆ ಅಮ್ಮನೂ ನಂಬತೊಡಗುತ್ತಾಳೆ. 'ಆಂಟಿಕ್ರೈಸ್ಟ್' ಬಂದ ಮರುವರ್ಷದ್ದು. ಅಲ್ಲೂ ದುಃಖ, ಇಲ್ಲೂ ದುಃಖ. ಅಲ್ಲಿ ಕಾಡು ನುಂಗುತ್ತದೆ, ಇಲ್ಲಿ ಮರ ಮಡಿಲಾಗುತ್ತದೆ. ಎರಡನ್ನೂ ನೋಡಿದರೆ ಅವರ ಅಳತೆ ಸಿಗುತ್ತದೆ. ಮೂರನೆಯದು 'ಮೆಲಂಕೋಲಿಯಾ'. ಉಳಿದದ್ದು ನಿಮ್ಮ ಮನಸ್ಸು ಹೇಳಿದ ಹಾಗೆ.

ಮನೆಯವರೊಬ್ಬರನ್ನು ಕಳೆದುಕೊಂಡಿದ್ದೇನೆ. ಈಗ ನೋಡಬಹುದಾ?

ದಯವಿಟ್ಟು 'ಆಂಟಿಕ್ರೈಸ್ಟ್' ಈಗ ಬೇಡ. ಮಗುವನ್ನು ಕಳೆದುಕೊಂಡವರು ನೋಡಲೇಬೇಕೆಂದೇನೂ ಇಲ್ಲ, ಯಾವತ್ತೂ. 'ದ ಟ್ರೀ' ನೋಡಬಹುದು, ಜೊತೆಗೆ ಯಾರಾದರೂ ಇದ್ದರೆ ಒಳ್ಳೆಯದು.

ಇತ್ತೀಚೆಗೆ ಅವರು ಏನು ಮಾಡುತ್ತಿದ್ದಾರೆ?

ನಟನೆ, ಹಾಡು ಎರಡೂ ನಡೆದಿದೆ. ನನಗೆ ಮುಖ್ಯ ಅನ್ನಿಸುವುದು ಅವರೇ ಕ್ಯಾಮೆರಾ ಹಿಡಿದದ್ದು. 2021ರಲ್ಲಿ ಅಮ್ಮನ ಬಗ್ಗೆ 'ಜೇನ್ ಬೈ ಶಾರ್ಲಟ್' ಎಂಬ ಸಾಕ್ಷ್ಯಚಿತ್ರ ಮಾಡಿದರು. ಇಷ್ಟು ವರ್ಷ ಬೇರೆಯವರ ಕ್ಯಾಮೆರಾಕ್ಕೆ ತನ್ನನ್ನು ಒಪ್ಪಿಸಿಕೊಂಡವರು ಇಲ್ಲಿ ಇನ್ನೊಬ್ಬರನ್ನು ನೋಡುತ್ತಾರೆ. ಎಷ್ಟು ಮೆಲ್ಲಗೆ ಕೇಳುತ್ತಾರೆ, ಎಷ್ಟು ಹೊತ್ತು ಕಾಯುತ್ತಾರೆ! ಅಮ್ಮ ಮಗಳು ಇಬ್ಬರೂ ಪ್ಯಾರಿಸ್‌ನ ರೂ ದ ವೆರ್ನೈಯಲ್ಲಿರುವ ಅಪ್ಪನ ಮನೆಗೆ ಹೋಗುವ ಒಂದು ಭಾಗ ಇದೆ. ಅಪ್ಪ ತೀರಿಕೊಂಡದ್ದು 1991ರಲ್ಲಿ. ಅಲ್ಲಿಂದ ಮನೆಯನ್ನು ಹೇಗಿತ್ತೋ ಹಾಗೇ ಶಾರ್ಲಟ್ ಕಾಪಾಡಿಕೊಂಡು ಬಂದಿದ್ದರು. 30 ವರ್ಷ ಕಳೆದರೂ ವಸ್ತುಗಳು ಇದ್ದಲ್ಲೇ ಇವೆ.

ಜೇನ್ ಬರ್ಕಿನ್ 2023ರ ಜುಲೈಯಲ್ಲಿ ತೀರಿಕೊಂಡರು. ಅದೇ ಸೆಪ್ಟೆಂಬರಿನಲ್ಲಿ ಆ ಮನೆಯನ್ನು ಶಾರ್ಲಟ್ ಜನರಿಗೆ ತೆರೆದರು. ಒಳಗೆ ಹೋಗುವವರು ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಕೋಣೆಯಿಂದ ಕೋಣೆಗೆ ನಡೆಯುತ್ತಾರೆ. ಬಾಲ್ಯದ ನೆನಪುಗಳನ್ನು ಹೇಳುತ್ತಾ ದಾರಿ ತೋರಿಸುವುದು ಅವರದೇ ಪಿಸುದನಿ.